ಅಳತೆ ಟೈಲರಿಗೆ, ತೂಕ ಡಾಕ್ಟರಿಗೆ

ಮೂವತ್ತು, ನಲವತ್ತು ದಾಟಿದರೂ ಮದುವೆಮನೆಗೆ ಹೊರಡುವ ಮುಂಚೆ ಕನ್ನಡಿ ಮುಂದೆ ನಿಟ್ಟುಸಿರು ಬಿಡುವ ನಮ್ಮ ಹೆಣ್ಣುಮಕ್ಕಳಿಗೆ ದೊಡ್ಡಮ್ಮನ ಸಲಿಗೆಯಿಂದ ಒಂದಿಷ್ಟು ಮಾತು. ಗಂಡುಮಕ್ಕಳೂ ಓದಿಕೊಳ್ಳಿ, ಬಕ್ಕತಲೆ, ಬೊಜ್ಜಿನ ಚಿಂತೆ ನಿಮಗೇನು ಕಡಿಮೆಯಿಲ್ಲ.

• "ಏನೇ, ಎಷ್ಟು ದಪ್ಪ ಆಗಿಬಿಟ್ಟಿದ್ದೀಯ!" ಎನ್ನುವುದು ನಮ್ಮಲ್ಲಿ ಕುಶಲಪ್ರಶ್ನೆ. ಸಣ್ಣಗಾದರೆ, "ಯಾಕೆ, ಮೈಗೆ ಹುಷಾರಿಲ್ವಾ?" ಎರಡನ್ನೂ ಕೇಳುವುದು ಒಂದೇ ಬಾಯಿ. ಸಮಜಾಯಿಷಿ ಕೊಡಲು ಹೋಗಬೇಡಿ. ಥೈರಾಯ್ಡ್ ರಿಪೋರ್ಟ್ ಒಪ್ಪಿಸುವುದಂತೂ ಬೇಡವೇ ಬೇಡ. "ಹೌದತ್ತೆ, ನಿಮ್ಮ ಮಂಡಿನೋವು ಹೇಗಿದೆ?" ಎನ್ನಿ. ಊಟದೆಲೆ ಹಾಕುವವರೆಗೂ ಅವರೇ ಮಾತಾಡುತ್ತಾರೆ. ಆದರೆ ನಿಮ್ಮ ಮಗಳಿಗೆ ಹಾಗೆ ಹೇಳಿದರೆ ನಕ್ಕು ಸುಮ್ಮನಾಗಬೇಡಿ. "ಅತ್ತೆ, ಅವಳ ಮೈ ಬಗ್ಗೆ ಮಾತು ಬೇಡ" ಎಂದು ಮೆಲ್ಲಗೆ, ಅವಳೆದುರೇ ಹೇಳಿಬಿಡಿ.

• "ತೂಕ ಇಳಿದ ಮೇಲೆ ಹಾಕ್ಕೋತೀನಿ" ಎಂದು ಬೀರುವಿನಲ್ಲಿಟ್ಟ ಬ್ಲೌಸುಗಳನ್ನು ಹೊರಗೆ ತೆಗೆಯಿರಿ. ಒಳಗೆ ಬಟ್ಟೆ ಬಿಟ್ಟಿದ್ದರೆ ಹೊಲಿಗೆ ಬಿಚ್ಚಿಸಿ, ಇಲ್ಲದಿದ್ದರೆ ಯಾರಿಗಾದರೂ ಕೊಡಿ. ಟೈಲರಿಗೆ ಹಳೇ ಅಳತೆ ಬ್ಲೌಸ್ ಕೊಡದೆ ಹೊಸದಾಗಿ ಅಳತೆ ಕೊಡಿ.

• ನಮಗೆ ಐಶ್ವರ್ಯಾ ರೈಯನ್ನು ನೋಡಿ ಹೊಟ್ಟೆ ಉರಿಯುವುದಿಲ್ಲ. ಓರಗಿತ್ತಿಯನ್ನು ನೋಡಿ ಉರಿಯುತ್ತದೆ. ಮನುಷ್ಯರು ತಮ್ಮಂಥವರೊಂದಿಗೇ ತಮ್ಮನ್ನು ತೂಗಿಕೊಳ್ಳುತ್ತಾರೆ ಎಂದು ಲಿಯಾನ್ ಫೆಸ್ಟಿಂಗರ್ ಎಂಬ ಅಮೆರಿಕದ ಮನಶ್ಶಾಸ್ತ್ರಜ್ಞ 1954ರಲ್ಲೇ ಬರೆದ. ಹಾಗಾಗಿ ಹೋಲಿಕೆ ಬಂದಾಗ ನನ್ನದೇ ಸಣ್ಣಬುದ್ಧಿ ಎಂದು ಕೊರಗಬೇಡಿ. ಓರಗಿತ್ತಿಯ ಸ್ಟೇಟಸ್ಸನ್ನು ಒಂದಿಷ್ಟು ದಿನ ಮ್ಯೂಟ್ ಮಾಡಿ, ಅವಳನ್ನೇ ಮನೆಗೆ ಕಾಫಿಗೆ ಕರೆಯಿರಿ. ಫೋಟೊದಷ್ಟು ನುಣುಪಾಗಿ ಯಾರೂ ಮಾತಾಡುವುದಿಲ್ಲ.

• ಸೆಲ್ಫಿ ನೋಡಿ ಮೂಗಿನ ಮೇಲೆ ಮುನಿಸಿಕೊಳ್ಳಬೇಡಿ. ಒಂದಡಿ ದೂರದಿಂದ ತೆಗೆದ ಚಿತ್ರದಲ್ಲಿ ಮೂಗು, ಐದಡಿ ದೂರದ ಚಿತ್ರಕ್ಕಿಂತ ಸುಮಾರು ಶೇ. 30ರಷ್ಟು ಅಗಲವಾಗಿ ಕಾಣುತ್ತದೆ ಎಂದು ಅಮೆರಿಕದ ವೈದ್ಯರು 2018ರಲ್ಲಿ ಲೆಕ್ಕ ಹಾಕಿ ತೋರಿಸಿದ್ದಾರೆ. ಫೋನನ್ನು ಬೇರೆಯವರ ಕೈಗೆ ಕೊಟ್ಟು ದೂರ ನಿಲ್ಲಿ.

• ಬಣ್ಣದ ವಿಷಯ. 1975ರಲ್ಲಿ ಬಂದ 'ಫೇರ್ ಅಂಡ್ ಲವ್ಲಿ' ಕ್ರೀಮ್ 2020ರಲ್ಲಿ ಹೆಸರಿನಿಂದ 'ಫೇರ್' ಪದ ಕೈಬಿಟ್ಟಿತು. ವಧು ಬೇಕಾಗಿದೆ ಎನ್ನುವವರ ಬಾಯಲ್ಲಿ ಅದಿನ್ನೂ ಇದೆ. ಪಕ್ಕದ ಮನೆಯವರು ಹೇಳಿದರೆಂದು ಮೆಡಿಕಲ್ ಶಾಪಿನಿಂದ ಸ್ಟೀರಾಯ್ಡ್ ಇರುವ ಕ್ರೀಮ್ ತಂದು ಹಚ್ಚಬೇಡಿ. ಮೊದಮೊದಲು ಬೆಳ್ಳಗಾದಂತೆ ಕಂಡು, ಆಮೇಲೆ ಚರ್ಮ ತೆಳುವಾಗಿ ಕೆಂಪೇರುತ್ತದೆ, ಮುಖದ ಮೇಲೆ ಕೂದಲು ಬರುತ್ತದೆ.

• ಮೈಯನ್ನು ಒಪ್ಪಿಕೊಂಡೆ ಎಂದು ಶುಗರ್ ಟೆಸ್ಟ್ ಬಿಡುವವರೂ ಇದ್ದಾರೆ. ಅದು ತಪ್ಪು ಕಣ್ರಮ್ಮಾ. ನಮ್ಮ ದೇಶದವರಿಗೆ ಹೆಚ್ಚು ತೂಕವಿಲ್ಲದೆಯೂ ಸಕ್ಕರೆ ಕಾಯಿಲೆ ಬರುತ್ತದೆ. ಅದಕ್ಕೇ ಸೊಂಟದ ಸುತ್ತಳತೆ ಹೆಂಗಸರಿಗೆ 80, ಗಂಡಸರಿಗೆ 90 ಸೆಂಟಿಮೀಟರ್ ದಾಟಿದರೆ ಡಾಕ್ಟರು ಎಚ್ಚರಿಸುತ್ತಾರೆ. ಆ ಸಂಖ್ಯೆಯ ಬಗ್ಗೆ ಅವರ ಹತ್ತಿರ ಮಾತಾಡಿ, ಔಷಧಿ, ನಡಿಗೆ ಏನು ಹೇಳುತ್ತಾರೋ ಮಾಡಿ. ಕಿಟ್ಟಿ ಪಾರ್ಟಿಗೆ ಅದನ್ನು ಹೊತ್ತೊಯ್ಯಬೇಡಿ. ದಿನಾ ಬೆಳಿಗ್ಗೆ ತೂಕದ ಯಂತ್ರ ಹತ್ತುವುದನ್ನೂ ಬಿಡಿ. ಉಪ್ಪು, ನೀರು, ತಿಂಗಳ ಮುಟ್ಟಿನಿಂದಲೇ ಒಂದೆರಡು ಕಿಲೋ ಏರಿಳಿಯುತ್ತದೆ.

• ಈಜು ಕಲಿಯುವ ಆಸೆಯಿದ್ದರೆ ತೂಕ ಇಳಿಯಲಿ ಎಂದು ಕಾಯಬೇಡಿ. ಹೆಂಗಸರಿಗೇ ಬೇರೆ ಸಮಯವಿಟ್ಟಿರುವ ಈಜುಕೊಳಗಳಿವೆ, ವಿಚಾರಿಸಿ. ತುಂಬುತೋಳಿನ, ಕಾಲು ಮುಚ್ಚುವ ಈಜುಡುಗೆಯೂ ಅಂಗಡಿಯಲ್ಲಿ ಸಿಗುತ್ತದೆ.