ಎಪ್ಪತ್ತೇಳು ಮಲೆಯ ನಿಲ್ಲದ ನೆಲ

ಪ್ರಶ್ನೆ: ನಾವು ಐದಾರು ಗೆಳೆಯರು ಸೇರಿ ಕತೆ ಕಟ್ಟುವ ಆಟ ಆಡುತ್ತೇವೆ. ಎಲ್ಲರೂ ಒಂದೇ ಕನಸಿನೊಳಗೆ ಇಳಿದಿದ್ದೇವೆ ಎಂಬುದು ಅದರ ಕಟ್ಟು. ಆ ಲೋಕದಲ್ಲಿ ಕಾಲಿಟ್ಟರೆ ನೆಲವೇ ಬದಲಾಗುವ, ಹೋದವರು ಮರಳುವುದೇ ಅನುಮಾನವೆನ್ನುವ ಒಂದು ಸೀಮೆ ಬೇಕು. ಇಂಗ್ಲಿಷ್ ಆಟಗಳಿಂದ ಎರವಲು ತರಲು ಮನಸ್ಸಿಲ್ಲ. ನಮ್ಮ ಕಡೆ ಅಂಥದ್ದು ಇದೆಯೇ?
– ಪದವಿ ವಿದ್ಯಾರ್ಥಿ, ಹನೂರು

ಉತ್ತರ: ತಮ್ಮಾ, ಹನೂರಿನಲ್ಲಿ ಬಸ್ಸು ಹತ್ತಿ ಕೌದಳ್ಳಿ ದಾಟಿ ತಾಳುಬೆಟ್ಟದಲ್ಲಿ ಇಳಿದರೆ ಆ ಸೀಮೆಯ ಬಾಗಿಲಲ್ಲೇ ನಿಂತಿರುತ್ತೀಯ. ಮಲೆ ಮಹದೇಶ್ವರನ, ಅಂದರೆ ನಮ್ಮ ಮಾದಪ್ಪನ ಕಾವ್ಯದ ಎಪ್ಪತ್ತೇಳು ಮಲೆ ಅದು. ಆನೆಮಲೆ, ಜೇನುಮಲೆ, ಕಾನುಮಲೆ, ಪಚ್ಚೆಮಲೆ, ಪವಳಮಲೆ, ಪೊನ್ನಾಚಿಮಲೆ, ಕೊಂಗುಮಲೆ ಎಂದು ಹೆಸರು ಬೆಳೆಯುತ್ತ ಹೋಗುತ್ತವೆ, ನಟ್ಟನಡುವೆ ನಡುಮಲೆ. ದೇವರಗುಡ್ಡರು ಕಂಸಾಳೆ, ದಮ್ಮಡಿ ಹಿಡಿದು ರಾತ್ರಿಯೆಲ್ಲ ಹಾಡುವಾಗ ಕೇಳುತ್ತ ಕೂತವರೆಲ್ಲ ಒಂದೇ ಕಾಡಿನಲ್ಲಿ ಅಲೆಯುತ್ತಿರುತ್ತಾರೆ. ನಿಮ್ಮ ಆಟದ ಕಟ್ಟೂ ಅದೇ ತಾನೆ?

ನೆಲ ಬದಲಾಗುವುದು ಹೇಗೆಂದು ಕೇಳಿದ್ದೀಯ. ಅದನ್ನು ಬದಲಾಯಿಸುವವನು ಹಾಡುಗಾರ. ಒಬ್ಬನ ಬಾಯಲ್ಲಿ ಅರ್ಧ ರಾತ್ರಿ ಹಿಡಿಯುವ ದಾರಿ ಇನ್ನೊಬ್ಬನ ಬಾಯಲ್ಲಿ ಒಂದೇ ಸೊಲ್ಲಿಗೆ ಮುಗಿಯುತ್ತದೆ. ಪಿ.ಕೆ. ರಾಜಶೇಖರ ಅವರು 1973ರಲ್ಲಿ ಈ ಕಾವ್ಯವನ್ನು ಅಚ್ಚಿಗೆ ತಂದರು. ಆಮೇಲೆ ಹೆಬ್ಬಣಿ ಮಾದಯ್ಯನವರು ಹಾಡಿದ ಪಾಠವೂ ಪುಸ್ತಕವಾಯಿತು. ಎರಡನ್ನೂ ಅಕ್ಕಪಕ್ಕ ಇಟ್ಟುಕೊಂಡು ಓದು, ಒಂದೇ ಕಾಡು ಎರಡು ಕಾಡಾಗಿ ಕಾಣುತ್ತದೆ.

ಅಪಾಯದ ವಿಷಯಕ್ಕೆ ಬಂದರೆ, ನೀವು ಹುಡುಗರು ಹುಲಿ, ಹಾವು, ಕಣಿವೆಗಳನ್ನು ಗುಡ್ಡೆ ಹಾಕುತ್ತೀರೆಂಬ ಭಯ ನನಗೆ. ಈ ಕಾವ್ಯದಲ್ಲಿ ಹುಲಿ ದೇವರ ವಾಹನ, ಭಕ್ತನಿಗೆ ಅದರ ಭಯವಿಲ್ಲ. ಕೆಡುಕು ಬರುವುದು ಹೋಗುವವನ ಮನಸ್ಸಿನಿಂದ. ಜಂಗಮನಿಗೆ ಇಲ್ಲವೆಂದ ಇಕ್ಕೇರಿ ದೇವಮ್ಮನ ಮನೆಯಲ್ಲಿ ಇದ್ದದ್ದೂ ಇಲ್ಲವಾಯಿತು. ದೇವತೆಗಳನ್ನೇ ಸೆರೆಯಲ್ಲಿಟ್ಟ ಬಂಕಾಪುರಿಯ ಶ್ರವಣನಿಗೆ ಹರಳಯ್ಯ ಹೊಲಿದ ಎಕ್ಕಡವೇ ಮೃತ್ಯುವಾಯಿತು. ಯಾವ ಆಯುಧಕ್ಕೂ ಬಗ್ಗದವನು ತನ್ನ ಕಾಲಿಗೆ ತಾನೇ ಹಾಕಿಕೊಂಡದ್ದರಿಂದ ಸತ್ತ. ಆದ್ದರಿಂದ ನಿಮ್ಮ ಆಟದಲ್ಲಿ ಆ ಸೀಮೆಗೆ ನಕಾಶೆ ಬರೆಯಬೇಡಿ. ಆಟಗಾರ ಏನನ್ನು ಬಚ್ಚಿಟ್ಟುಕೊಂಡು ಒಳಗೆ ಹೋಗುತ್ತಾನೋ ನೆಲ ಅದಕ್ಕೆ ತಕ್ಕಂತೆ ಬಿರುಕು ಬಿಡಲಿ. ದಾರಿಯಲ್ಲಿ ಭಿಕ್ಷೆ ಕೇಳುವವನೊಬ್ಬ ಸಿಗಲಿ, ಅವನು ಯಾರೆಂದು ಕೊನೆಯವರೆಗೂ ಹೇಳಬೇಡಿ.

ಪ್ರಶ್ನೆ: ಮಕ್ಕಳಿಂದ ಎಪ್ಪತ್ತೇಳು ಮಲೆಯ ನಕಾಶೆ ಬರೆಸಬೇಕೆಂದಿದ್ದೇನೆ. ಬಂಕಾಪುರಿ ಎಲ್ಲಿ ಬರುತ್ತದೆ? ಬಿಳಿಗಿರಿರಂಗನ ಬೆಟ್ಟವೂ ಇದರಲ್ಲಿ ಸೇರುತ್ತದೆಯೇ?
– ಶಾಲಾ ಶಿಕ್ಷಕರು, ಯಳಂದೂರು

ಉತ್ತರ: ಮೇಷ್ಟ್ರೇ, ಈಗಷ್ಟೇ ಹುಡುಗನಿಗೆ ನಕಾಶೆ ಬೇಡವೆಂದೆ, ನೀವು ಪೆನ್ಸಿಲ್ ಹಿಡಿದು ಬಂದಿರಿ! ಪೊನ್ನಾಚಿ ಈಗಲೂ ಹನೂರು ತಾಲ್ಲೂಕಿನ ಊರು. ಕಾವ್ಯದಲ್ಲಿ ಬರುವ ಜುಂಜೇಗೌಡನ ಊರು ಆಲಂಬಾಡಿ ಕಾವೇರಿ ದಡದ್ದು, ಅದರ ಹೆಸರಿನ ದನದ ತಳಿಯೇ ಇದೆ. ಇಂಥವನ್ನು ಧಾರಾಳವಾಗಿ ಗುರುತಿಸಿ. ಹೆಸರು ಹೋಲುತ್ತದೆಂದು ಮಾತ್ರ ಬಂಕಾಪುರಿಗಾಗಿ ಹಾವೇರಿ ಜಿಲ್ಲೆಗೆ ಪ್ರವಾಸ ಹೊರಡಿಸಬೇಡಿ. ಬಿಳಿಗಿರಿಯದು ಬೇರೆ ಕತೆ. ಅಲ್ಲಿ ಸೋಲಿಗರಿಗೆ ರಂಗಪ್ಪ ಭಾವ, ಅವರ ಕುಸುಮಾಲೆಯನ್ನು ಕಟ್ಟಿಕೊಂಡವನು. ಗಡಿ ಬೇಕಾಗುವುದು ಸರ್ಕಾರಕ್ಕೆ. ಬಿಳಿಗಿರಿ 2011ರಲ್ಲಿ ಹುಲಿ ಸಂರಕ್ಷಿತ ಪ್ರದೇಶವಾಯಿತು, ಮಾದಪ್ಪನ ಬೆಟ್ಟದ ಸುಮಾರು 906 ಚದರ ಕಿಲೋಮೀಟರ್ ಕಾಡು 2013ರಲ್ಲಿ ವನ್ಯಜೀವಿಧಾಮವಾಯಿತು. ಕಾವ್ಯದ ಮಲೆಗಳಿಗೆ ಅಂಥ ಅಳತೆ ಇಲ್ಲ.

ಪ್ರಶ್ನೆ: ನಮ್ಮವ್ವ ಮಾದಪ್ಪನ ಕಾವ್ಯದ ಸಂಕಮ್ಮನ ಸಾಲು ಕೇಳುವಾಗಲೆಲ್ಲ ಅಳುತ್ತಿದ್ದಳು. ಕಾಡುಮೃಗಕ್ಕೆ ಹೆದರದ ಸಂಕಮ್ಮ ಗುಡಿಸಲಿನಲ್ಲಿ ಯಾಕೆ ಅಷ್ಟು ನರಳಬೇಕು? ಈ ವಯಸ್ಸಿನಲ್ಲಿ ನನಗೂ ಆ ಗುಡಿಸಲು ಕನಸಿನಲ್ಲಿ ಬರುತ್ತದೆ.
– ಗೃಹಿಣಿ, ಕೊಳ್ಳೇಗಾಲ

ಉತ್ತರ: ಅಕ್ಕಾ, ಎಪ್ಪತ್ತೇಳು ಮಲೆಯಲ್ಲಿ ಅದಕ್ಕಿಂತ ಭಯದ ಜಾಗ ಇನ್ನೊಂದಿಲ್ಲ. ಸಂಕಮ್ಮನ ಗಂಡ ನೀಲೇಗೌಡ ಬೇಟೆಗೆ, ಜೇನಿಗೆ ಕಾಡು ಸೇರಬೇಕು. ಹೋಗುವ ಮುಂಚೆ ಹೆಂಡತಿಯಿಂದ ಬಲಗೈ ಭಾಷೆ ಕೇಳುತ್ತಾನೆ. ತಪ್ಪು ಮಾಡದವಳು ಭಾಷೆ ಯಾಕೆ ಕೊಡಬೇಕೆಂದು ಸಂಕಮ್ಮ ಒಪ್ಪುವುದಿಲ್ಲ. ಹಿಂಸೆ ಕೊಟ್ಟು, ಮಂತ್ರದ ಕಟ್ಟು ಹಾಕಿ, ಅವಳನ್ನು ಒಳಗಿಟ್ಟು ಹೋಗುತ್ತಾನೆ. ಹೊರಗಿನ ಕಾಡು ಯಾವ ಕೇಡನ್ನೂ ಮಾಡಿರಲಿಲ್ಲ. ಗಂಡನ ಅನುಮಾನ ಮನೆಯ ಅಂಗಳವನ್ನು ಕಾಡಿಗಿಂತ ಕಡೆ ಮಾಡಿತು.

ಮಾದಪ್ಪ ಜಂಗಮನಾಗಿ ಬಂದು ಕಟ್ಟು ಮುರಿಯುತ್ತಾನೆ, ಸಂಕಮ್ಮನಿಗೆ ಕಾರಯ್ಯ, ಬಿಲ್ಲಯ್ಯ ಹುಟ್ಟುತ್ತಾರೆ. ಕತೆ ಅಲ್ಲಿಗೆ ಸುಖವಾಗಿ ಮುಗಿದಿದ್ದರೆ ನಿಮ್ಮ ಅವ್ವ ಅಳುತ್ತಿರಲಿಲ್ಲ. ಗಂಡ ಮರಳುತ್ತಾನೆ, ಮಕ್ಕಳನ್ನು ಕಂಡು ಮತ್ತೆ ಅನುಮಾನಿಸುತ್ತಾನೆ, ಅವಳು ಮತ್ತೆ ಪರೀಕ್ಷೆಗೆ ನಿಲ್ಲಬೇಕಾಗುತ್ತದೆ. ದೇವರೇ ಮುರಿದ ಕಟ್ಟನ್ನು ಅನುಮಾನ ಇನ್ನೊಮ್ಮೆ ಹಾಕಿತು. ಈ ಭಾಗವನ್ನು ಬೇಗ ಹಾಡಿ ದಾಟಿಸುವ ಮೇಳಗಳ ಮೇಲೆ ನನಗೆ ಸಿಟ್ಟಿದೆ. ನಿಮ್ಮ ಕನಸಿಗೆ ಅರ್ಥ ಹೇಳುವ ವಿದ್ಯೆ ನನ್ನದಲ್ಲ. ಆದರೆ ಅವ್ವ ಯಾವ ಸೊಲ್ಲಿಗೆ ಅಳುತ್ತಿದ್ದಳೆಂದು ನೆನಪಿದ್ದರೆ ಬರೆದಿಡಿ. ಹಾಡಿದವರ ಮಾತು ಪುಸ್ತಕಕ್ಕೆ ಬಂದಿದೆ, ಕೇಳಿದ ಹೆಂಗಸರದು ಅಷ್ಟಾಗಿ ಬಂದಿಲ್ಲ.

ಪ್ರಶ್ನೆ: ಬೆಂಗಳೂರಿನ ಕಚೇರಿಯಲ್ಲಿ ಊರು ಕೊಳ್ಳೇಗಾಲ ಎಂದರೆ ಸಾಕು, ಮಾಟ ಗೊತ್ತಾ ಅನ್ನುತ್ತಾರೆ. ಏನು ಉತ್ತರ ಕೊಡಲಿ?
– ಸಾಫ್ಟ್‌ವೇರ್ ಉದ್ಯೋಗಿ, ಮೂಲ ಕೊಳ್ಳೇಗಾಲ

ಉತ್ತರ: ಇದೂ ಒಂದು ಹಂಚಿಕೊಂಡ ಕನಸೇ, ಕಾಣುವವರು ಮಾತ್ರ ಹೊರಗಿನವರು. ಅವರ ತಲೆಯಲ್ಲಿ ನಮ್ಮ ಊರೇ ಆ ಭಯದ ಸೀಮೆ. ಕೊಳ್ಳೇಗಾಲ 1956ರವರೆಗೆ ಮದ್ರಾಸ್ ಕಡೆಯ ಕೊಯಮತ್ತೂರು ಜಿಲ್ಲೆಯಲ್ಲಿತ್ತು. ಗಡಿಯಾಚೆಯ ಕಾಡಿನ ಊರಿನ ಮೇಲೆ ಮೈಸೂರಿನವರು ತಮ್ಮ ಭಯವನ್ನು ಹೊರಿಸಿದರೆಂಬುದು ನನ್ನ ಊಹೆ. ಸಿನಿಮಾದವರು ಅದಕ್ಕೆ ನಿಂಬೆಹಣ್ಣು, ಕುಂಕುಮ ಸೇರಿಸಿದರು. ಆ ಹೆಸರನ್ನೇ ಬಂಡವಾಳ ಮಾಡಿಕೊಂಡು ಬೋರ್ಡು ಹಾಕುವವರಿದ್ದಾರೆ, ಅವರ ಹತ್ತಿರ ದುಡ್ಡು ಕಳೆದುಕೊಳ್ಳುವವರೂ ಇದ್ದಾರೆ. ವಾಮಾಚಾರದ ವಿರುದ್ಧ 2017ರಲ್ಲಿ ಆದ ರಾಜ್ಯದ ಕಾನೂನು 2020ರ ಜನವರಿಯಿಂದ ಜಾರಿಯಲ್ಲಿದೆ, ಅದನ್ನು ತಿಳಿಸಿ. ಇನ್ನೂ ಕೆಣಕಿದರೆ, ಗೊತ್ತಿರುವುದು ರೇಷ್ಮೆ, ಸೀರೆ ಬೇಕಾದರೆ ಹೇಳಿ ಎನ್ನಿ.