ಪೋಷಕ ನಟ ಅಂದ್ರೆ ಯಾರು? ಡಾನ್ ವಾರಿಂಗ್ಟನ್ ಅವರಿಂದ ಒಂದು ಪಾಠ

ಕಳೆದ ರಾಜ್ಯೋತ್ಸವಕ್ಕೆ ನಮ್ಮ ಸಂಘದಿಂದ ನಾಟಕ ಮಾಡಿದಾಗ ಪಾತ್ರ ಹಂಚೋದೇ ದೊಡ್ಡ ತಲೆನೋವಾಗಿತ್ತು. ರಾಜನ ಪಾತ್ರಕ್ಕೆ ಏಳು ಜನ ಕೈ ಎತ್ತಿದರು, ಮಂತ್ರಿಗೆ ಒಬ್ಬರೂ ಇಲ್ಲ. "ಇರೋದೇ ಐದು ಡೈಲಾಗ್, ಅದಕ್ಕೆ ದಿನಾ ಪ್ರಾಕ್ಟೀಸಿಗೆ ಯಾಕೆ ಬರಬೇಕು?" ಅಂತ ಕೇಳಿದವರಲ್ಲಿ ನಾವೂ ಇದ್ದೆವು. ಅದಕ್ಕೆ ಉತ್ತರ ಸಿಕ್ಕಿದ್ದು ಡಾನ್ ವಾರಿಂಗ್ಟನ್ ಅನ್ನೋ ಬ್ರಿಟಿಷ್ ಟಿವಿ ನಟರ ಬಗ್ಗೆ ತಿಳಿದ ಮೇಲೆ.

ಬೀದಿಯ ಹೆಸರೇ ನಟನ ಹೆಸರು

ಟ್ರಿನಿಡಾಡ್ ಅಂದರೆ ನಮಗೆ ನೆನಪಾಗೋದು ಬ್ರಯಾನ್ ಲಾರಾ. ಅದೇ ಕೆರಿಬಿಯನ್ ದ್ವೀಪದಲ್ಲಿ 1951ರಲ್ಲಿ ವಾರಿಂಗ್ಟನ್ ಹುಟ್ಟಿದರು. ಆಗ ಅದು ಬ್ರಿಟಿಷರ ವಸಾಹತು, ಸ್ವಾತಂತ್ರ್ಯ ಬಂದಿದ್ದು 1962ರಲ್ಲಿ. ಎರಡನೇ ಮಹಾಯುದ್ಧ ಮುಗಿದ ಮೇಲೆ ಆ ಕಡೆಯ ಸಾವಿರಾರು ಜನ ಕೆಲಸ ಹುಡುಕಿಕೊಂಡು ಬ್ರಿಟನ್ನಿಗೆ ಹೋದ ಕಾಲ ಅದು. ಇವರೂ ಚಿಕ್ಕಂದಿನಲ್ಲೇ ಅಲ್ಲಿಗೆ ಹೋಗಿ ಇಂಗ್ಲೆಂಡಿನ ಉತ್ತರದಲ್ಲಿರೋ ನ್ಯೂಕಾಸಲ್‌ನಲ್ಲಿ ಬೆಳೆದರು. ಮೂಲ ಹೆಸರು ಡಾನ್ ವಿಲಿಯಮ್ಸ್. ಆ ಹೆಸರಿನ ನಟ ಆಗಲೇ ಒಬ್ಬರಿದ್ದರು ಅಂತ, ತಾವು ಬೆಳೆದ ಬೀದಿಯ ಹೆಸರನ್ನೇ ಸೇರಿಸಿಕೊಂಡರು. ನಮ್ಮಲ್ಲಿ ಊರಿನ ಹೆಸರು ಇನಿಷಿಯಲ್ ಆಗೋ ಹಾಗೆ! ನಟನೆ ಕಲಿತಿದ್ದು ಲಂಡನ್ನಿನ ಡ್ರಾಮಾ ಸೆಂಟರ್‌ನಲ್ಲಿ.

ತೇವ ಹಿಡಿದ ಮನೆ

1974ರಲ್ಲಿ ಐಟಿವಿಯಲ್ಲಿ 'ರೈಸಿಂಗ್ ಡ್ಯಾಂಪ್' ಅನ್ನೋ ಕಾಮಿಡಿ ಸೀರಿಯಲ್ ಶುರುವಾಯಿತು. ಈ ಹೆಸರು ಸಿವಿಲ್ ಬ್ರಾಂಚಿನವರಿಗೆ ಗೊತ್ತೇ ಇರುತ್ತೆ. ನೆಲದ ನೀರು ಕ್ಯಾಪಿಲರಿ ಆಕ್ಷನ್‌ನಿಂದ ಗೋಡೆ ಹತ್ತೋದು, ಅದನ್ನು ತಡೆಯೋಕೆ ಡಿಪಿಸಿ ಹಾಕೋದು. ಅಂಥದ್ದೇ ತೇವ ಹಿಡಿದ ಬಾಡಿಗೆ ಮನೆಯ ಕಥೆ ಇದು. ಪೀಜಿಯಲ್ಲಿರೋ ಎಲ್ಲರಿಗೂ ಅರ್ಥವಾಗುತ್ತೆ.

ಮನೆ ಓನರ್ ರಿಗ್ಸ್‌ಬಿ. ಮೂಗು ತೂರಿಸೋ ಜಿಪುಣ, ಮೇಲಾಗಿ ಕಪ್ಪು ಜನರ ಬಗ್ಗೆ ತಲೆ ತುಂಬಾ ಪೂರ್ವಗ್ರಹ. ಈ ಮುಖ್ಯ ಪಾತ್ರ ಮಾಡಿದವರು ಲಿಯೊನಾರ್ಡ್ ರಾಸಿಟರ್. ವಾರಿಂಗ್ಟನ್ ಅವರದು ಬಾಡಿಗೆಗಿರೋ ಪ್ಲಾನಿಂಗ್ ವಿದ್ಯಾರ್ಥಿ ಫಿಲಿಪ್‌ನ ಪಾತ್ರ. ತಾನು ಆಫ್ರಿಕಾದ ಬುಡಕಟ್ಟಿನ ನಾಯಕನ ಮಗ ಅಂತ ಅವನು ಹೇಳಿಕೊಂಡಿರುತ್ತಾನೆ.

ಇಲ್ಲಿ ಒಂದು ವಿಷಯ ಗೊತ್ತಿರಬೇಕು. ಚರ್ಮದ ಬಣ್ಣ ನೋಡಿ ರೂಮ್ ಇಲ್ಲ ಅನ್ನೋದು ಬ್ರಿಟನ್ನಿನಲ್ಲಿ ಕಾನೂನುಬಾಹಿರ ಆಗಿದ್ದೇ 1968ರಲ್ಲಿ. ಅಂದರೆ ಸೀರಿಯಲ್ ಶುರುವಾಗೋ ಆರು ವರ್ಷ ಮುಂಚೆ ಅಷ್ಟೇ. ಕಪ್ಪು ಬಾಡಿಗೆದಾರ, ಬಿಳಿ ಓನರ್ ಅನ್ನೋದು ಅಲ್ಲಿನ ಜನಕ್ಕೆ ಬರೀ ತಮಾಷೆಯ ವಿಷಯ ಆಗಿರಲಿಲ್ಲ.

ಈಗ ಪಾಠಕ್ಕೆ ಬರೋಣ. ರಿಗ್ಸ್‌ಬಿ ಆಫ್ರಿಕಾ ಬಗ್ಗೆ ಪೆದ್ದುಪೆದ್ದಾಗಿ ಏನೋ ಕೇಳುತ್ತಾನೆ. ಫಿಲಿಪ್ ಸಿಟ್ಟಾಗಲ್ಲ, ನಗೋದೂ ಇಲ್ಲ. ಗಂಭೀರವಾಗಿ ಇನ್ನೂ ದೊಡ್ಡ ಸುಳ್ಳು ಹೇಳುತ್ತಾನೆ. ಒಂದು ಎಪಿಸೋಡಿನಲ್ಲಿ ಕಪಾಟಿನ ಮರದ ತುಂಡನ್ನೇ ಪ್ರೀತಿ ಹುಟ್ಟಿಸೋ ಆಫ್ರಿಕಾದ ಮರ ಅಂತ ನಂಬಿಸಿಬಿಡುತ್ತಾನೆ! ಕೊನೆಗೆ ಪೆದ್ದನಾಗೋದು ಓನರ್. ಫಿಲಿಪ್ ಕೂಡ ನಗಿಸೋಕೆ ಹೋಗಿದ್ದರೆ ಆ ಸೀನ್ ಬಿದ್ದೇಹೋಗುತ್ತಿತ್ತು. ಬೀಮ್ ಮೇಲೆ ಎಷ್ಟೇ ಲೋಡ್ ಇರಲಿ, ಸಪೋರ್ಟಿನಲ್ಲಿ ಅಷ್ಟೇ ರಿಯಾಕ್ಷನ್ ಇದ್ದರೆ ತಾನೇ ಅದು ನಿಲ್ಲೋದು?

ಈ ಪಾತ್ರವನ್ನು ಅವರು ಟಿವಿಗೆ ಬರೋ ಮುಂಚೆಯೇ ಅದರ ಮೂಲ ನಾಟಕ 'ದಿ ಬನಾನಾ ಬಾಕ್ಸ್'ನಲ್ಲಿ ಮಾಡಿದ್ದರು. ಆ ಸಲೀಸುತನದ ಹಿಂದೆ ರಂಗದ ಅಭ್ಯಾಸ ಇತ್ತು. ರಿಗ್ಸ್‌ಬಿಯ ಕೆಲವು ಮಾತು ಇವತ್ತು ಕೇಳಿದರೆ ಚುಚ್ಚುತ್ತವೆ, ನಿಜ. ಆದರೂ ಫಿಲಿಪ್ ಮರ್ಯಾದೆ ಕಳೆದುಕೊಳ್ಳದೆ ನಿಲ್ಲುತ್ತಾನೆ.

ಹೀರೋಗಳು ಬದಲಾದರೂ ಇವರು ಉಳಿದರು

2011ರಲ್ಲಿ ಬಿಬಿಸಿಯ 'ಡೆತ್ ಇನ್ ಪ್ಯಾರಡೈಸ್' ಬಂತು. ಸೇಂಟ್ ಮೇರಿ ಅನ್ನೋ ಕಾಲ್ಪನಿಕ ಕೆರಿಬಿಯನ್ ದ್ವೀಪದ ಪತ್ತೇದಾರಿ ಕಥೆ, ಶೂಟಿಂಗ್ ಗ್ವಾಡೆಲೂಪ್‌ನಲ್ಲಿ. ವಾರಿಂಗ್ಟನ್ ಇದರಲ್ಲಿ ಪೊಲೀಸ್ ಕಮಿಷನರ್ ಸೆಲ್ವಿನ್ ಪ್ಯಾಟರ್ಸನ್. ಎಷ್ಟೋ ಎಪಿಸೋಡ್‌ಗಳಲ್ಲಿ ಒಂದೆರಡು ಸೀನ್ ಅಷ್ಟೇ. ಬರುತ್ತಾರೆ, ನಿಧಾನಕ್ಕೆ ಎರಡು ಮಾತಾಡುತ್ತಾರೆ, ಹೋಗುತ್ತಾರೆ. ಪತ್ತೇದಾರ ಬೆವರು ಒರೆಸಿಕೊಳ್ಳುತ್ತಾನೆ! ಬೆನ್ ಮಿಲ್ಲರ್, ಕ್ರಿಸ್ ಮಾರ್ಷಲ್, ಆರ್ಡಲ್ ಒಹ್ಯಾನ್ಲನ್, ರಾಲ್ಫ್ ಲಿಟಲ್ ಹೀಗೆ ಹೀರೋಗಳು ಒಬ್ಬರಾದ ಮೇಲೆ ಒಬ್ಬರು ಬಂದು ಹೋದರು. ಕಮಿಷನರ್ ಅಲ್ಲೇ ಇದ್ದರು.

ಹಾಗಂತ 'ಸಣ್ಣ ಪಾತ್ರವೇ ಸಾಕು' ಅನ್ನೋದು ನಮ್ಮ ಪಾಠ ಅಲ್ಲ. ಆ ನಾಲ್ವರೂ ಬಿಳಿಯರು. ಕೆರಿಬಿಯನ್ ಕಥೆಯಲ್ಲೇ ಕಪ್ಪು ನಟರೊಬ್ಬರು ಮುಖ್ಯ ಪತ್ತೇದಾರರಾಗಿ ಬಂದಿದ್ದು 2024ರ ಕ್ರಿಸ್‌ಮಸ್ ಎಪಿಸೋಡಿನಲ್ಲಿ. ಯಾರು ಮುಂದೆ, ಯಾರು ಪಕ್ಕದಲ್ಲಿ ಅನ್ನೋದನ್ನು ಯಾವಾಗಲೂ ಪ್ರತಿಭೆ ಒಂದೇ ತೀರ್ಮಾನಿಸಲ್ಲ. ವಾರಿಂಗ್ಟನ್ ಅವರ ಶಕ್ತಿ ಎಷ್ಟು ಅಂತ ನೋಡೋಕೆ ಮ್ಯಾಂಚೆಸ್ಟರಿನ ರಾಯಲ್ ಎಕ್ಸ್‌ಚೇಂಜ್ ಥಿಯೇಟರಿಗೆ ಹೋಗಬೇಕು. 2016ರಲ್ಲಿ ಅಲ್ಲಿ ಅವರೇ ಕಿಂಗ್ ಲಿಯರ್. 2018ರಲ್ಲಿ 'ಡೆತ್ ಆಫ್ ಎ ಸೇಲ್ಸ್‌ಮನ್' ನಾಟಕದ ನಾಯಕ ವಿಲ್ಲಿ ಲೋಮನ್. ಟಿವಿಯಲ್ಲಿ ಎರಡು ಮಾತಾಡಿ ಹೋಗೋ ಮನುಷ್ಯ ಸ್ಟೇಜಿನಲ್ಲಿ ಇಡೀ ನಾಟಕ ಹೊರಬಲ್ಲರು.

ಇಂಗ್ಲಿಷಿನಲ್ಲಿ ಇಂಥವರನ್ನು ಸಪೋರ್ಟಿಂಗ್ ಆಕ್ಟರ್ ಅಂತಾರೆ. ಇಂಗ್ಲಿಷ್ ಮೀಡಿಯಂನ ನಮಗೆ ಕನ್ನಡದ 'ಪೋಷಕ ನಟ' ಪದ ಸರಿಯಾಗಿ ಅರ್ಥವಾಗಿದ್ದು ಈಗಲೇ. ಪೋಷಕ ಅಂದರೆ ಬರೀ ಆಸರೆ ಕೊಡೋರಲ್ಲ, ಸಾಕಿ ಬೆಳೆಸೋರು.

ಈ ಸಲದ ನಾಟಕದಲ್ಲಿ ಮಂತ್ರಿ ಪಾತ್ರಕ್ಕೆ ನಾವೇ ಹೆಸರು ಕೊಟ್ಟಿದ್ದೇವೆ. ದಿನಾ ಪ್ರಾಕ್ಟೀಸಿಗೂ ಬರ್ತೀವಿ. ದೂತ ಮತ್ತು ಸೇನಾಪತಿ ಪಾತ್ರ ಇನ್ನೂ ಖಾಲಿ ಇವೆ, ಬನ್ನಿ.