ಯುದ್ಧಕಾಲದ ಗಾಯನ: ಕರುಣವೋ ವಿಪ್ರಲಂಭವೋ?

ರಣರಂಗದ ಸೈನಿಕನಿಗೆ ಎಂಥ ಹಾಡು ಬೇಕು? ವೀರರಸಕ್ಕೆ ಉತ್ಸಾಹವೇ ಸ್ಥಾಯಿಭಾವವೆನ್ನುತ್ತದೆ ನಮ್ಮ ಕಾವ್ಯಮೀಮಾಂಸೆ. ಎರಡನೆಯ ಮಹಾಯುದ್ಧಕಾಲದ ಬ್ರಿಟನ್ನಿನ ಪ್ರಸಾರಾಧಿಕಾರಿಗಳ ನಿಲುವೂ ಇದಕ್ಕೆ ಸಮೀಪದ್ದೇ. 1941ರಲ್ಲಿ ಗಾಯಕಿ ವೆರಾ ಲಿನ್ ಬಿಬಿಸಿಯಲ್ಲಿ ಆರಂಭಿಸಿದ ಕಾರ್ಯಕ್ರಮವು ದೂರದ ಸೈನಿಕರಿಗೆ ಬರೆದ ಪತ್ರದಂತಿದ್ದು, ಹಾಡುಗಳೊಡನೆ ಮನೆಯವರ ಸಂದೇಶಗಳನ್ನೂ ಬಿತ್ತರಿಸುತ್ತಿತ್ತು. ಅಗಲಿಕೆಯ ಹಾಡು ಕೆಚ್ಚನ್ನು ಕುಂದಿಸುವುದೆಂಬ ಆಕ್ಷೇಪ ಎದ್ದಿತು. 1942ರಲ್ಲಿ ಅತಿಭಾವುಕ ಗೀತೆಗಳಿಗೆ ಬಿಬಿಸಿ ನಿರ್ಬಂಧ ಹೇರಿತು.

ಸೈನಿಕರ ಒಲವು ಬೇರೆಯಾಗಿತ್ತು. ಸೈನಿಕರ ರಂಜನೆಗೆಂದು 1939ರಲ್ಲಿ ಸ್ಥಾಪಿತವಾದ ‘ಎನ್ಸಾ’ ಸಂಸ್ಥೆಯ ಮೂಲಕ ಲಿನ್ 1944ರಲ್ಲಿ ಬರ್ಮಾ ರಂಗಕ್ಕೆ ಬಂದು, ‘ಮರೆತುಹೋದ ಸೈನ್ಯ’ವೆನಿಸಿದ್ದ ಹದಿನಾಲ್ಕನೆಯ ಸೈನ್ಯದ ಶಿಬಿರಗಳಲ್ಲಿ, ಆಸ್ಪತ್ರೆಗಳಲ್ಲಿ ಹಾಡಿದರು.

ಇದನ್ನು ವಿವರಿಸಲು ಭರತನ ವಿವೇಚನೆಯೊಂದು ನೆರವಾಗುತ್ತದೆ. ಕರುಣವು ನಿರಪೇಕ್ಷ, ವಿಪ್ರಲಂಭವು ಸಾಪೇಕ್ಷ. ಮೊದಲನೆಯದರಲ್ಲಿ ಪುನರ್ಮಿಲನದ ಆಸೆಯಿಲ್ಲ, ಎರಡನೆಯದು ಆ ಆಸೆಯಿಂದಲೇ ಬದುಕುತ್ತದೆ. ಅಧಿಕಾರಿಗಳು ವಿಪ್ರಲಂಭವನ್ನು ಕರುಣವೆಂದು ಬಗೆದರು. ಮರಳಿ ಸೇರುವ ಭರವಸೆಯೇ ಸೈನಿಕನನ್ನು ಎತ್ತಿ ನಿಲ್ಲಿಸುವ ಬಲವೆಂಬುದು ಅವರಿಗೆ ಹೊಳೆಯಲಿಲ್ಲ.

ಆದರೆ ಆ ಸೈನ್ಯದ ಬಹುಪಾಲು ಯೋಧರು ಭಾರತೀಯರು. ಇಂಗ್ಲಿಷ್ ಹಾಡು ಅವರಲ್ಲಿ ಹೆಚ್ಚಿನವರ ಮನೆಮಾತಿನದಲ್ಲ. ಅವರ ವಿರಹಕ್ಕೆ ದನಿಯಾದ ಹಾಡುಗಳಾವುವು ಎಂಬ ಪ್ರಶ್ನೆಯನ್ನು ಎತ್ತದೆ ಈ ಅಧ್ಯಯನ ಪೂರ್ಣವಾಗದು.